ಚಿಕ್ಕಮಾವನ ಯಥಾಸ್ಥಿತಿ

ನಮ್ಮ ಚಿಕ್ಕಮಾವನಷ್ಟು ಕೋರ್ಟಿಗೆ ವಿಧೇಯನಾದ ಮನುಷ್ಯ ಚೆನ್ನೈಯಲ್ಲಿ ಇನ್ನೊಬ್ಬನಿದ್ದರೆ ಅವನು ಖಂಡಿತ ಜೈಲಿನೊಳಗಿರಬೇಕು. ಹೊರಗಿದ್ದುಕೊಂಡು ಅಷ್ಟು ವಿಧೇಯನಾಗಿರುವುದು ಸಾಮಾನ್ಯರಿಗೆ ಸಾಧ್ಯವಿಲ್ಲ. ಉಳಿದ ಗಂಡಸರು ದೇವರಿಗೆ ಹೆದರುತ್ತಾರೆ, ಹೆಂಡತಿಗೆ ಹೆದರುತ್ತಾರೆ, ತೆರಿಗೆಯವರಿಗೆ ಹೆದರುತ್ತಾರೆ. ಚಿಕ್ಕಮಾವನಿಗೆ ಮದುವೆಯಾಗಿರಲಿಲ್ಲ, ತೆರಿಗೆ ಕಟ್ಟುವಷ್ಟು ವರಮಾನವಿರಲಿಲ್ಲ, ದೇವರ ಜೊತೆ ಮೊದಲಿನಿಂದಲೂ ಸಲುಗೆ. ಹಾಗಾಗಿ ಇದ್ದಬದ್ದ ಭಯಭಕ್ತಿಯನ್ನೆಲ್ಲ ಪ್ಯಾರಿಸ್ ಕಾರ್ನರಿನ ಕೆಂಪು ಕೋರ್ಟು ಕಟ್ಟಡಕ್ಕೆ ಒಪ್ಪಿಸಿಬಿಟ್ಟಿದ್ದ.

ಕಾರಣ ಒಂದು ಮನೆ. ಪುರಸೈವಾಕ್ಕಂನ ಸೀರೆ-ಪಾತ್ರೆ ಅಂಗಡಿಗಳ ಗದ್ದಲದಿಂದ ಒಂದು ತಿರುವು ಒಳಗೆ, ನನ್ನ ತಾಯಿಯ ತಂದೆ ಕಟ್ಟಿಸಿದ ಮನೆ. ತಾತ ತೀರಿಕೊಂಡ ಮೇಲೆ ಅದರಲ್ಲಿ ಇಬ್ಬರು ಮಾವಂದಿರು ಉಳಿದರು. ದೊಡ್ಡಮಾವ ಮಣಲಿಯ ಒಂದು ಕಾರ್ಖಾನೆಯಲ್ಲಿ ಲೆಕ್ಕಪತ್ರದ ಕೆಲಸದಲ್ಲಿದ್ದ. ಅವನಿಗೆ ಹೆಂಡತಿ ಇದ್ದಳು, ಮಕ್ಕಳಿರಲಿಲ್ಲ. ಚಿಕ್ಕಮಾವ ವಿಮಾ ಕಂಪೆನಿಯ ಗುಮಾಸ್ತ. ಒಂದು ದಿನ ದೊಡ್ಡಮಾವ ತಮ್ಮನನ್ನು ಕೇಳದೆ ಮುಂದಿನ ಕೋಣೆಗೆ ಬೀಗ ಹಾಕಿದ. ಚಿಕ್ಕಮಾವ ಕೇಳಿದ್ದಕ್ಕೆ, “ಕೇಳೋಕೆ ನೀನು ಯಾರು?” ಅಂದ. ಇವನು ಯಾರು ಎಂದು ಅಧಿಕೃತವಾಗಿ ತಿಳಿಸುವುದಕ್ಕಾಗಿ ಚಿಕ್ಕಮಾವ ಪಾಲಿನ ದಾವೆ ಹೂಡಿದ. ಹೆಣ್ಣು ನೋಡಲು ಹೋಗಬೇಕಾದ ವಯಸ್ಸಿನಲ್ಲಿ ವಕೀಲರನ್ನು ನೋಡಲು ಹೋದ. ಆಮೇಲೆ ಹೆಣ್ಣು ಕೊಡುವವರು ಬಂದರೂ, “ಮನೆ ಯಾರ ಹೆಸರಲ್ಲಿದೆ?” ಎಂಬ ಪ್ರಶ್ನೆಗೆ “ಕೋರ್ಟಿನಲ್ಲಿದೆ” ಎಂದು ಉತ್ತರಿಸುವ ವರನಿಗೆ ಯಾರು ತಾನೆ ಕೊಡುತ್ತಾರೆ?

ಕೋರ್ಟು ಮೊದಲ ವರ್ಷವೇ ಒಂದು ಮಧ್ಯಂತರ ಆಜ್ಞೆ ಕೊಟ್ಟಿತು: ದಾವೆ ತೀರುವ ತನಕ ಮನೆಯಲ್ಲಿ ಯಥಾಸ್ಥಿತಿ ಕಾಪಾಡತಕ್ಕದ್ದು. ಇಂಥ ಆಜ್ಞೆ ಲಕ್ಷಾಂತರ ಮನೆಗಳ ಮೇಲಿರುತ್ತದೆ, ಜನ ಅದರ ಕೆಳಗೇ ಸುಣ್ಣ ಬಳಿಯುತ್ತಾರೆ, ನಲ್ಲಿ ಬದಲಾಯಿಸುತ್ತಾರೆ, ಬದುಕುತ್ತಾರೆ. ಚಿಕ್ಕಮಾವ ಮಾತ್ರ ಅದನ್ನು ವೇದವಾಕ್ಯದಂತೆ ಹಿಡಿದ. ಆಜ್ಞೆ ಬಂದ ದಿನ ಎರಡು ಭಾಗಗಳ ನಡುವಿನ ಬಾಗಿಲು ಅರ್ಧ ತೆರೆದಿತ್ತಂತೆ. ಸರಿ, ಅದು ಅರ್ಧ ತೆರೆದೇ ಇರಬೇಕು. ಗಾಳಿಗೆ ಮುಚ್ಚಿಕೊಂಡರೆ ಚಿಕ್ಕಮಾವ ಎದ್ದು ಹೋಗಿ, ನೆಲದ ಗೀರು ನೋಡಿ, ಮತ್ತೆ ಅರ್ಧಕ್ಕೆ ತಂದು ನಿಲ್ಲಿಸುತ್ತಿದ್ದ. ಸೋರುವ ಮಾಡು ಸೋರಬೇಕು. ಒಡೆದ ಕಿಟಕಿ ಒಡೆದಿರಬೇಕು. ಗೋಡೆಯಲ್ಲಿ ಅಶ್ವತ್ಥದ ಸಸಿ ಹುಟ್ಟಿದಾಗ ದೊಡ್ಡ ಧರ್ಮಸಂಕಟ ಬಂತು. ಆಜ್ಞೆಯ ದಿನ ಅದು ಇರಲಿಲ್ಲ, ಆದ್ದರಿಂದ ಕೀಳಬೇಕು. ಕಿತ್ತರೆ ಗೋಡೆಯ ಗಾರೆ ಉದುರುತ್ತದೆ, ಆದ್ದರಿಂದ ಕೀಳಬಾರದು. ವಕೀಲರನ್ನು ಕೇಳಿ ಬರುವಷ್ಟರಲ್ಲಿ ಅದು ನೆರಳು ಕೊಡುವಷ್ಟಾಗಿತ್ತು.

“ಮನೆ ಬಿದ್ದೋಗುತ್ತೆ ಚಿಕ್ಕಮಾವ” ಅಂದೆ ನಾನು. ಬೀಳದೇ ಇರುವ ವಸ್ತುಗಳ ಬಗ್ಗೆಯೂ ಚಿಂತಿಸುವ ಸ್ವಭಾವ ನನ್ನದು. ಇನ್ನು ಬೀಳುವುದನ್ನು ಬಿಡುತ್ತೇನೆಯೆ?

“ತಾನಾಗಿ ಬಿದ್ರೆ ನನ್ನ ತಪ್ಪಿಲ್ಲ ಕಣೋ. ನಾನು ಬೀಳಿಸಿದ್ರೆ ನ್ಯಾಯಾಂಗ ನಿಂದನೆ.”

ಆ ಅರ್ಧ ಬಾಗಿಲಿನ ಸಂದಿಯಿಂದಲೇ ದೊಡ್ಡತ್ತೆ, ಅಂದರೆ ದೊಡ್ಡಮಾವನ ಹೆಂಡತಿ, ಮೈದುನನಿಗೆ ದಿನಾ ಒಂದು ಬಟ್ಟಲು ಹುಳಿ ಕೊಡುತ್ತಿದ್ದಳು. ಗಂಡ ನೋಡಿಯೂ ನೋಡದಂತಿರುತ್ತಿದ್ದ. ಚಿಕ್ಕಮಾವ ಬಟ್ಟಲು ತೆಗೆದುಕೊಳ್ಳುವ ಮೊದಲು ಗಂಟಲು ಸರಿಮಾಡಿಕೊಂಡು, “ಅತ್ತಿಗೆ, ತಪ್ಪಾಗಿ ನೆನ್ಸ್‌ಕೋಬೇಡಿ, ದಾವೆಯಲ್ಲಿನ ನನ್ನ ಹಕ್ಕುಬಾಧ್ಯತೆಗಳಿಗೆ ಧಕ್ಕೆಯಿಲ್ಲದಂತೆ ಇದನ್ನ ತಗೋತಿದೀನಿ” ಎನ್ನುತ್ತಿದ್ದ.

“ಆಯ್ತು, ಬಿಸಿಯಾಗಿದೆ, ಬಟ್ಟೆ ಇಟ್ಟು ಹಿಡ್ಕೊಳ್ಳಿ” ಎನ್ನುತ್ತಿದ್ದಳು ಅವಳು. ಮದುವೆಯಾಗಿ ಬಂದ ಮೂರನೇ ವರ್ಷದಿಂದ ಅವಳು ಕೇಳಿಸಿಕೊಂಡ ಸಂಸಾರದ ಭಾಷೆ ಇದು.

ಈ ದಾವೆಯಲ್ಲಿ ನಾನೂ ಇದ್ದೆ ಎಂಬುದನ್ನು ಹೇಳಲೇಬೇಕು. ದೊಡ್ಡಮಾವ ಒಂದನೇ ಪ್ರತಿವಾದಿ, ನನ್ನ ತಾಯಿ ಎರಡನೇ ಪ್ರತಿವಾದಿ. ತಾಯಿ ತೀರಿಕೊಂಡಾಗ ಕಾನೂನಿನಂತೆ ಆ ಜಾಗಕ್ಕೆ ವಾರಸುದಾರನಾದ ನನ್ನ ಹೆಸರು ಸೇರಿಸಿದರು. ಬೇರೆಯವರಿಗೆ ತಾಯಿಯಿಂದ ವಜ್ರದ ಓಲೆ ಬರುತ್ತದೆ, ಸಕ್ಕರೆ ಕಾಯಿಲೆ ಬರುತ್ತದೆ. ನನಗೆ ಕ್ರಮಸಂಖ್ಯೆ ಬಂತು. ಮೈಸೂರಿನಿಂದ ಬಂದ ನನ್ನ ಹೆಂಡತಿಗೆ ಇದನ್ನು ವಿವರಿಸುವುದೇ ಕಷ್ಟವಾಯಿತು. “ನೀವು ಯಾರ ವಿರುದ್ಧ?” ಎಂದಳು. ಯಾರ ವಿರುದ್ಧವೂ ಅಲ್ಲ, ಸುಮ್ಮನೆ ಎರಡನೆಯವನು ಎಂದೆ. “ಮನೇಲಿ ಇರೋ ಹಾಗೇನೆ” ಎಂದಳು.

ವಾಯಿದೆಯ ದಿನ ಮಾವಂದಿರಿಬ್ಬರೂ ಕೋರ್ಟಿಗೆ ಹೋಗುತ್ತಿದ್ದದ್ದು ಒಂದೇ ಬಸ್ಸಿನಲ್ಲಿ. ಅಣ್ಣ ಮುಂದಿನ ಬಾಗಿಲಿನಿಂದ ಹತ್ತಿದರೆ ತಮ್ಮ ಹಿಂದಿನಿಂದ. ಇಬ್ಬರ ಕೈಯಲ್ಲೂ ದೊಡ್ಡತ್ತೆ ಕಟ್ಟಿಕೊಟ್ಟ ಮೊಸರನ್ನ. ಕೋರ್ಟಿನಲ್ಲಿ ಹೆಸರು ಕೂಗಿಸಿಕೊಂಡು, ವಕೀಲರು ಇನ್ನಷ್ಟು ಸಮಯ ಬೇಕೆಂದು, ನ್ಯಾಯಾಧೀಶರು ಮುಂದಿನ ತಾರೀಕು ಹೇಳಿ, ಎಲ್ಲವೂ ಕಣ್ಣು ಮಿಟುಕಿಸುವಷ್ಟರಲ್ಲಿ ಮುಗಿಯುತ್ತಿತ್ತು. ಚಿಕ್ಕಮಾವ ಮಾತ್ರ ಸಂಜೆಯ ತನಕ ಕೂತಿರುತ್ತಿದ್ದ. ಊರಿನ ಜನ ಮಾರ್ಗಳಿ ತಿಂಗಳಲ್ಲಿ ಸಭೆಯಿಂದ ಸಭೆಗೆ ಸಂಗೀತ ಕಛೇರಿ ಕೇಳುತ್ತ ತಿರುಗುವ ಹಾಗೆ ಇವನು ವರ್ಷವಿಡೀ ಕೋರ್ಟ್ ಹಾಲುಗಳಲ್ಲಿ ತಿರುಗಿದ. ನ್ಯಾಯಾಧೀಶರನ್ನು ವಿದ್ವಾಂಸರನ್ನು ತೂಗುವಂತೆ ತೂಗುತ್ತಿದ್ದ. “ಹಳಬರು ವಾಯ್ದಾ ಕೊಟ್ರೆ ಒಂದು ಗಾಂಭೀರ್ಯ ಇತ್ತು. ತಲೆ ಎತ್ತಿ, ಕನ್ನಡಕ ತೆಗೆದು, ಕೊಟ್ರು ಅಂದ್ರೆ ಕೊಟ್ರು. ಈಗಿನವರು ಫೈಲು ನೋಡ್ತಾನೇ ಕೊಟ್ಬಿಡ್ತಾರೆ. ನಿಧಾನವೇ ಇಲ್ಲ.”

ಸಿವಿಲ್ ಕೋರ್ಟಿನಲ್ಲಿ ನಿಧಾನವಿಲ್ಲ ಎಂದು ಕೊರಗಿದ ಮನುಷ್ಯ ಚರಿತ್ರೆಯಲ್ಲಿ ಇವನೊಬ್ಬನೇ ಇರಬೇಕು!

ನಗಬೇಡಿ. ಕೊರಗಿಗೆ ಕಾರಣವಿತ್ತು, ಅದನ್ನು ಇಲ್ಲೇ ಹೇಳಿಬಿಡುತ್ತೇನೆ. ವರ್ಷಕ್ಕೊಮ್ಮೆ ತಾತನ ಶ್ರಾದ್ಧ ಬರುತ್ತದಲ್ಲ, ಅವಿಭಕ್ತರಾದ ಅಣ್ಣತಮ್ಮಂದಿರು ಅದನ್ನು ಒಟ್ಟಿಗೆ ಮಾಡಬೇಕು. ದೊಡ್ಡವನು ಕರ್ತೃ, ಚಿಕ್ಕವನು ಹಿಂದೆ ಕೂತು ದರ್ಭೆಯಿಂದ ಅಣ್ಣನನ್ನು ಮುಟ್ಟಿಕೊಂಡಿರಬೇಕು. ವರ್ಷವಿಡೀ ಒಬ್ಬರ ಮುಖ ಒಬ್ಬರು ನೋಡದ ಇಬ್ಬರು ಆ ಒಂದು ಬೆಳಿಗ್ಗೆ ಒಂದು ಹುಲ್ಲುಕಡ್ಡಿಯ ಎರಡು ತುದಿಗಳಲ್ಲಿರುತ್ತಿದ್ದರು. ಮಾತೆಲ್ಲ ಪುರೋಹಿತರಾದ ಆಚಾರ್ಯರ ಮೂಲಕ.

“ವಡೆಗೆ ಮೆಣಸು ಜಾಸ್ತಿಯಾಗಿದೆ ಅಂತ ಹೇಳಿ ಆಚಾರ್ರೇ” ಎನ್ನುತ್ತಿದ್ದ ಅಣ್ಣ.

“ಅಪ್ಪನಿಗೆ ಮೆಣಸು ಇಷ್ಟ ಅಂತ ಹೇಳಿ. ಕೆಲವರಿಗೆ ಮರೆತಿರಬಹುದು.”

“ಮರೆತವರು ಅಪ್ಪನ ಮನೆ ಮೇಲೆ ಕೇಸು ಹಾಕ್ತಾರೆ ಅಂತ ಹೇಳಿ.”

“ಎರಡೂ ಕಡೆಯವರು ಬಾಯಿ ಮುಚ್ಕೊಂಡು ಎಳ್ಳು ಬಿಡಿ” ಎನ್ನುತ್ತಿದ್ದರು ಆಚಾರ್ಯರು.

ಹೀಗೆ ಒಂದು ವರ್ಷ ಕೈತೊಳೆಯುತ್ತ ಆಚಾರ್ಯರು ಸಹಜವಾಗಿ ಹೇಳಿದರು, “ಕೇಸು ಮುಗಿದು ಭಾಗ ಆಯ್ತು ಅಂದ್ರೆ ಈ ರಗಳೆ ಇರಲ್ಲ ಬಿಡಿ. ಆಗ ಅವರವರ ಶ್ರಾದ್ಧ ಅವರವರದ್ದು. ಬೇರೆ ಒಲೆ, ಬೇರೆ ಬ್ರಾಹ್ಮಣರು.” ಚಿಕ್ಕಮಾವನ ಕೈಯಿಂದ ಚೊಂಬು ಜಾರಿತು. ಪಾಲು ಕೇಳಿ ದಾವೆ ಹಾಕಿದಾಗ ಅವನು ಕೋಣೆ ಕೇಳಿದ್ದ, ಅಂಗಳ ಕೇಳಿದ್ದ, ಬಾವಿಕಟ್ಟೆಯ ಅರ್ಧ ಕೇಳಿದ್ದ. ಅಪ್ಪನ ತಿಥಿಯನ್ನೂ ಎರಡು ಮಾಡಿ ಎಂದು ಕೇಳಿದ್ದೇನೆಂಬುದು ಅವನಿಗೆ ಗೊತ್ತಿರಲಿಲ್ಲ. ವಕೀಲರನ್ನು ಕೇಳಿದ. ಅವರು, “ಸಾರ್, ಕಾನೂನು ಪ್ರಕಾರ ದಾವೆ ಹಾಕಿದ ದಿನವೇ ನೀವು ಬೇರೆ ಆದ ಹಾಗೆ” ಅಂದರು. ಆಚಾರ್ಯರು, “ಅದೆಲ್ಲ ಆಗಲ್ಲ, ಪಾತ್ರೆ-ಪಡಗ ಮನೆ ಭಾಗ ಆಗೋ ತನಕ ಒಂದೇ” ಅಂದರು. ಚಿಕ್ಕಮಾವ ಯೋಚಿಸಿ, “ಈ ವಿಷಯದಲ್ಲಿ ಆಚಾರ್ಯರದ್ದೇ ಹೈಕೋರ್ಟು” ಎಂದು ತೀರ್ಮಾನಿಸಿದ.

ಅಂದಿನಿಂದ ದಾವೆ ಹೂಡಿದ ವಾದಿಯೇ ವಾಯಿದೆ ಕೇಳತೊಡಗಿದ. ವಾಪಸು ಪಡೆಯೋಣವೆಂದರೆ ಅಣ್ಣನೆದುರು ಸೋತಂತೆ. ಗೆಲ್ಲೋಣವೆಂದರೆ ಅಣ್ಣನನ್ನೇ ಕಳೆದುಕೊಂಡಂತೆ. ಉಳಿದ ದಾರಿ ಒಂದೇ, ಸರಿಯಾಗಿ ಮಧ್ಯದಲ್ಲಿ ನಿಂತಿರುವುದು. ಹಲ್ಲುನೋವು, ಹಳೆಯ ದಸ್ತಾವೇಜು ಸಿಗುತ್ತಿಲ್ಲ, ಸಾಕ್ಷಿ ತಿರುಪತಿಗೆ ಹೋಗಿದ್ದಾನೆ. ಸಾಕ್ಷಿ ತಿರುಪತಿಯಿಂದ ಮರಳುವಷ್ಟರಲ್ಲಿ ಮದರಾಸೇ ಚೆನ್ನೈ ಆಗಿತ್ತು. ಅವನ ವಕೀಲರು ತೀರಿಕೊಂಡು ಮಗ ಕಕ್ಷಿದಾರರನ್ನೂ ಕಪಾಟುಗಳನ್ನೂ ವಹಿಸಿಕೊಂಡಿದ್ದ. ಕಕ್ಷಿದಾರರಲ್ಲಿ ಕೆಲವರು ಕಪಾಟುಗಳಿಗಿಂತ ಹಳಬರು.

ಇಷ್ಟು ಹೊತ್ತು ನಕ್ಕದ್ದು ಸಾಕು. ಹಿತ್ತಿಲ ಬಾಗಿಲಿನ ಮೆಟ್ಟಿಲೊಂದು ಒಡೆದಿತ್ತು. ಒಡೆದದ್ದು ಆಜ್ಞೆಗೆ ಮುಂಚೆಯೋ ನಂತರವೋ ತಿಳಿಯದ ಕಾರಣ ಚಿಕ್ಕಮಾವ ಮುಟ್ಟಿರಲಿಲ್ಲ. ತಮ್ಮ ಮುಟ್ಟದ್ದನ್ನು ಅಣ್ಣನೂ ಮುಟ್ಟಲಿಲ್ಲ. ನಿವೃತ್ತನಾಗಿ ಮನೆಯಲ್ಲಿದ್ದ ದೊಡ್ಡಮಾವ ಒಂದು ಬೆಳಿಗ್ಗೆ ಅದೇ ಮೆಟ್ಟಿಲಲ್ಲಿ ಕಾಲು ತಪ್ಪಿ ಬಿದ್ದು ಸೊಂಟದ ಮೂಳೆ ಮುರಿದುಕೊಂಡ. ಎತ್ತಿ ಆಟೋದಲ್ಲಿ ಕೂರಿಸಿದವನು ಚಿಕ್ಕಮಾವನೇ. ದಾರಿಯುದ್ದಕ್ಕೂ ಅಣ್ಣ ನರಳುತ್ತಿದ್ದ. ಆಸ್ಪತ್ರೆಯಿಂದ ತಮ್ಮ ನೇರ ಹೋದದ್ದು ವಕೀಲರ ಬಳಿಗೆ. ಯಥಾಸ್ಥಿತಿಯನ್ನು ಸಡಿಲಿಸಿ ಮೆಟ್ಟಿಲೊಂದನ್ನು ರಿಪೇರಿ ಮಾಡಿಸಲು ಅನುಮತಿ ಕೊಡಬೇಕೆಂದು ಅರ್ಜಿ ಹಾಕಿಸಿದ. ಒಂದು ಹಿಡಿ ಸಿಮೆಂಟಿಗೆ!

ಇಲ್ಲಿ ವಕೀಲಿಕೆಯ ಒಂದು ಪದ್ಧತಿ ಹೇಳಬೇಕು. ಎದುರಾಳಿ ಏನೇ ಬರೆದರೂ ಮೊದಲು ಎಲ್ಲವನ್ನೂ ಅಲ್ಲಗಳೆಯುವುದು ಕ್ರಮ. ದೊಡ್ಡಮಾವನ ವಕೀಲರೂ ಅಭ್ಯಾಸಬಲದಿಂದ ಅಲ್ಲಗಳೆದರು: ಮೆಟ್ಟಿಲು ಒಡೆದಿದೆಯೆಂಬುದು ಸುಳ್ಳು, ಒಂದನೇ ಪ್ರತಿವಾದಿ ಬಿದ್ದನೆಂಬುದು ಕಟ್ಟುಕಥೆ, ಮೂಳೆ ಮುರಿದಿದೆಯೆಂಬುದನ್ನು ವಾದಿಯೇ ಕಟ್ಟುನಿಟ್ಟಾಗಿ ರುಜುವಾತುಪಡಿಸತಕ್ಕದ್ದು. ಕೆಳಗೆ ದೊಡ್ಡಮಾವನ ಸಹಿ. ಕಾಲಿಗೆ ತೂಕ ಕಟ್ಟಿಸಿಕೊಂಡು ಮಲಗಿದ್ದವನು ತಾನು ಬಿದ್ದೇ ಇಲ್ಲವೆಂದು ಸಹಿ ಮಾಡಿದ್ದ.

ನಾನು ಆಸ್ಪತ್ರೆಗೆ ಹೋಗಿ ಕೇಳಿದೆ, “ದೊಡ್ಡಮಾವ, ಓದಿ ಸಹಿ ಮಾಡಿದ್ಯಾ?”

“ಓದ್ದೆ. ಓದೋವಾಗ ಕೊಂಚ ನೋವು ಕಡಿಮೆ ಆದ ಹಾಗಿತ್ತು” ಎಂದ.

ಅನುಮತಿ ಬಂತು. ಅಷ್ಟರಲ್ಲಿ ಆ ಮೆಟ್ಟಿಲು ಇಳಿಯುವ ಶಕ್ತಿ ಅಣ್ಣನಲ್ಲಿ ಉಳಿದಿರಲಿಲ್ಲ. ಚಿಕ್ಕಮಾವ ತಾನೇ ಕೂತು ಗಾರೆ ಕಲಸಿ ಕಟ್ಟಿದ. ನಯವಾಗಿ, ಅಂಚು ಉಜ್ಜಿ, ಮೂರು ದಿನ ನೀರು ಹಾಕಿದ. ಇಡೀ ಮನೆಯಲ್ಲಿ ಗಟ್ಟಿಯಾಗಿದ್ದದ್ದು ಅದೊಂದೇ ಮೆಟ್ಟಿಲು, ಅದನ್ನು ತುಳಿಯುವವರಿರಲಿಲ್ಲ.

ಮಂಚ ಹಿಡಿದ ದೊಡ್ಡಮಾವ ಹೈಕೋರ್ಟಿಗೆ ಹೋದ. ಹೋದದ್ದು ಅವನ ವಕೀಲರು. ಇಷ್ಟು ವರ್ಷಗಳಿಂದ ನಡೆಯುತ್ತಿರುವ ದಾವೆಯನ್ನು ಬೇಗ ಮುಗಿಸುವಂತೆ ಕೆಳಗಿನ ಕೋರ್ಟಿಗೆ ಆದೇಶ ಕೊಡಬೇಕೆಂದು ಕೋರಿಕೆ. ನನ್ನೆದುರು ಅವನು ಹೇಳಿದ್ದು ಇಷ್ಟೆ: “ಗೆಲ್ತೀನೋ ಸೋಲ್ತೀನೋ, ನನ್ನ ಕಣ್ಣೆದುರೇ ಆಗ್ಲಿ ಕಣೋ. ಇದನ್ನ ಅವಳ ತಲೆಗೆ ಕಟ್ಟಿ ಹೋಗೋದು ಬೇಡ.” ಅವಳು ಅಲ್ಲೇ ಅವನಿಗೆ ಗಂಜಿ ಆರಿಸುತ್ತಿದ್ದಳು.

ಹೈಕೋರ್ಟಿನಲ್ಲಿ ಚಿಕ್ಕಮಾವನ ಜೊತೆ ನಾನೂ ಇದ್ದೆ. ಎರಡನೇ ಪ್ರತಿವಾದಿ ಬರಬೇಕೆಂದೇನೂ ಇರಲಿಲ್ಲ. ಬರದಿದ್ದರೆ ಏನಾದೀತೋ ಎಂದು ಬಂದಿದ್ದೆ. ನ್ಯಾಯಮೂರ್ತಿಗಳು ಹಾಳೆ ತಿರುವಿ ತಿರುವಿ, “ಇಷ್ಟೆಲ್ಲ ವಾಯಿದೆ ಕೇಳಿದವರು ಯಾರು?” ಎಂದರು. ವಾದಿ ಎಂದು ಉತ್ತರ ಬಂತು. “ವಾದಿಯೇ?” ಎಂದು ಇನ್ನೊಮ್ಮೆ ಕೇಳಿದರು. ಆಮೇಲೆ ಇಂಥ ದಾವೆಗಳಿಂದ ಜನ ನ್ಯಾಯದ ಮೇಲಿನ ನಂಬಿಕೆಯನ್ನೇ ಕಳೆದುಕೊಳ್ಳುತ್ತಾರೆ ಎಂದು ಬೇಸರದಿಂದ ಹೇಳಿ, ಆರು ತಿಂಗಳೊಳಗೆ ಮುಗಿಸಬೇಕು, ವಿನಾಕಾರಣ ವಾಯಿದೆ ಕೊಡಕೂಡದು ಎಂದು ಬರೆಸಿದರು. ಅವರು ಹೇಳಿದ್ದರಲ್ಲಿ ಒಂದಕ್ಷರ ತಪ್ಪಿರಲಿಲ್ಲ. ಯಾವ ನಾಡಿನಲ್ಲಾದರೂ ಕಕ್ಷಿದಾರರು ಇಂಥ ಆದೇಶಕ್ಕೆ ಹಾರ ಹಾಕುತ್ತಾರೆ.

ಚಿಕ್ಕಮಾವ ಹೊರಗೆ ಬಂದು ಜಗುಲಿಯ ಕಂಬಕ್ಕೆ ಒರಗಿದ. ಎದುರಿಗೆ ಬಂದರಿನ ಕಡೆಯ ಲಾರಿಗಳು. “ಆರು ತಿಂಗಳಂತೆ ಕಣೋ” ಎಂದ. ದೊಡ್ಡ ಡಾಕ್ಟರ ಕೋಣೆಯಿಂದ ಹೊರಬಂದವರು ಹೇಳುವ ಧ್ವನಿ. “ಎಲ್ಲಾ ಮುಡಿಂಜಿತು, ಮುಗಿದೇಹೋಯ್ತು. ಮುಂದಿನ ಶ್ರಾದ್ಧಕ್ಕೆ ನಾನು ಬೇರೆ, ಅವನು ಬೇರೆ.”

“ವಾಪಸ್ ತಗೊಂಡ್ಬಿಡು ಚಿಕ್ಕಮಾವ.”

“ಬಂದು ಒಂದು ಮಾತು ಕೇಳ್ಲಿ ಅವನು. ತಗೋಬಿಡ್ತೀನಿ.”

ದೊಡ್ಡಮಾವನಿಗೆ ಹೇಳಿದೆ. “ಅವನು ಬಂದು ಹೇಳ್ಲಿ, ನಾನು ಕೇಳ್ತೀನಿ” ಎಂದ. ಇಬ್ಬರ ನಡುವೆ ಇದ್ದದ್ದು ಅರ್ಧ ತೆರೆದ ಒಂದು ಬಾಗಿಲು. ಒಬ್ಬನಿಗೆ ಎದ್ದು ಬರಲಾಗುತ್ತಿರಲಿಲ್ಲ, ಇನ್ನೊಬ್ಬನಿಗೆ ಎದ್ದು ಹೋಗಲು ಮನಸ್ಸಾಗುತ್ತಿರಲಿಲ್ಲ. ನಾನು ನಡುವೆ ಓಡಾಡಿ ಓಡಾಡಿ ರಕ್ತದೊತ್ತಡ ತರಿಸಿಕೊಂಡೆ.

ಆಮೇಲೆ ಕೋರ್ಟು ಓಡತೊಡಗಿತು. ವರ್ಷಗಟ್ಟಲೆ ಮಲಗಿದ್ದ ಕೇಸು ವಾರಕ್ಕೆರಡು ಸಲ ಎದ್ದು ಕೂತಿತು. ಚಿಕ್ಕಮಾವ ಕಟಕಟೆ ಹತ್ತಿದ. ಅಣ್ಣನ ವಕೀಲರ ಪಾಟಿ ಸವಾಲು.

“ನೀವೂ ಒಂದನೇ ಪ್ರತಿವಾದಿಯೂ ಒಟ್ಟಿಗೆ ಊಟ ಮಾಡ್ತೀರಾ?”

“ವರ್ಷಕ್ಕೊಂದು ದಿನ.”

“ಉಳಿದ ದಿನ?”

“ಹುಳಿ ಅವರ ಮನೇದು, ಅನ್ನ ನನ್ನದು.”

“ನಿಮಗೆ ಅವರ ಮೇಲೆ ದ್ವೇಷ ಇದೆ ಅಂತ ನಾನು ಹೇಳ್ತೀನಿ.”

“ನೀವು ಹೇಳಿ ಸಾರ್, ಫೀಸು ತಗೊಂಡಿದೀರಿ” ಎಂದ ಚಿಕ್ಕಮಾವ. ನ್ಯಾಯಾಧೀಶರು ಕೆಮ್ಮಿದರು. ಅದನ್ನು ಯಾರೂ ಬರೆದುಕೊಳ್ಳಲಿಲ್ಲ.

ಸಾಕ್ಷಿಗಳು ಮುಗಿದು ವಾದ ಆರಂಭವಾಗಬೇಕಿದ್ದ ವಾರ ದೊಡ್ಡಮಾವ ತೀರಿಕೊಂಡ. ಗಡುವಿನೊಳಗೆ ಮುಗಿದದ್ದು ಅವನೊಬ್ಬನೇ. ಮಕ್ಕಳಿಲ್ಲದ, ಇನ್ನೂ ಭಾಗವಾಗದ ಅಣ್ಣ. ಕರ್ಮ ಮಾಡಬೇಕಾದವನು ತಮ್ಮ. ಒದ್ದೆ ಪಂಚೆಯಲ್ಲಿ ಮಡಕೆ ಹೊತ್ತು ಚಿಕ್ಕಮಾವ ನಡೆದ. ಹೆಗಲು ಕೊಟ್ಟ ನಾನು, ಅಂಥ ಹೊತ್ತಿನಲ್ಲೂ, ದಾರಿಯ ಗುಂಡಿಗಳ ಬಗ್ಗೆ ಚಿಂತಿಸುತ್ತಿದ್ದೆ.

ವಾದದ ದಿನ ಕೋರ್ಟಿಗೆ ಹೋದವನು ನಾನೊಬ್ಬನೇ. ವಾದಿ ಎಲ್ಲಿ ಎಂದು ನ್ಯಾಯಾಧೀಶರು ಕೇಳಿದರು. ಹೈಕೋರ್ಟಿನ ಆದೇಶ ಮೇಜಿನ ಮೇಲಿತ್ತು.

“ವಾದಿಗೆ ಸೂತಕ, ಐಯಾ. ಹದಿಮೂರು ದಿನ ಬರುವ ಹಾಗಿಲ್ಲ” ಎಂದರು ಚಿಕ್ಕಮಾವನ ವಕೀಲರು.

“ಯಾರು ಹೋದರು?”

“ಒಂದನೇ ಪ್ರತಿವಾದಿ.”

ನ್ಯಾಯಾಧೀಶರು ಪೆನ್ನು ಕೆಳಗಿಟ್ಟರು. ಆಮೇಲೆ ತಲೆ ಎತ್ತಿ, ಕನ್ನಡಕ ತೆಗೆದು, ವಾಯಿದೆ ಕೊಟ್ಟರು. ಅದನ್ನು ಮನೆಗೆ ಹೋಗಿ ಚಿಕ್ಕಮಾವನಿಗೆ ಹೇಳುವ ಧೈರ್ಯ ನನಗಾಗಲಿಲ್ಲ.

ವೈಕುಂಠ ಸಮಾರಾಧನೆ ಕಳೆದ ಮರುದಿನ ವಕೀಲರು ಮನೆಗೇ ಬಂದರು. ಪ್ರತಿವಾದಿ ಸತ್ತರೆ ವಾರಸುದಾರರ ಹೆಸರನ್ನು ಅವಧಿಯೊಳಗೆ ಸೇರಿಸಬೇಕು. ಇಲ್ಲದಿದ್ದರೆ ದಾವೆಯೂ ಸತ್ತಂತೆ. ವಾರಸುದಾರಳು ದೊಡ್ಡತ್ತೆ. ಚಿಕ್ಕಮಾವ ತಲೆ ಅಲ್ಲಾಡಿಸಿ ತಮಿಳಿನಲ್ಲಿ ಹೇಳಿದ: “ಸಾಯ್ಲಿ ಬಿಡಿ ಸಾರ್. ನಾನು ಕೇಸು ಹಾಕಿದ್ದು ನಮ್ಮಣ್ಣನ ಮೇಲೆ. ಈ ಅಮ್ಮನ ಮೇಲೆ ಅಲ್ಲ.”

ಬಾಗಿಲ ಸಂದಿಯಲ್ಲಿ ದೊಡ್ಡತ್ತೆ ನಿಂತಿದ್ದಳು. ಬರಿಗೈ, ಬರಿಹಣೆ. 

“ನನ್ನ ಹೆಸರು ಹಾಕ್ಬಿಡಿ” ಎಂದಳು.

“ಅತ್ತಿಗೆ, ಅದು ಹೇಗೆ ಹಾಕ್ಲಿ ನಾನು?”

“ಅವರ ಹೆಸರು ಹೇಗೆ ಹಾಕಿದ್ರೋ ಹಾಗೆ.” ಸೆರಗಿನಿಂದ ಬಾಯಿ ಒರೆಸಿಕೊಂಡಳು. “ಹಾಕ್ದೇ ಇದ್ರೆ ಅದೂ ಸತ್ತುಹೋಗುತ್ತಂತಲ್ಲ. ಮನೇಲಿ ಒಂದು ಸಾವು ಸಾಕು.”

ವಕೀಲರಿಗೆ ಕನ್ನಡ ಬಾರದು. ಏನಂದರು ಎಂದು ನನ್ನನ್ನು ಕೇಳಿದರು. ಒಪ್ಪಿದರು ಎಂದಷ್ಟೇ ಹೇಳಿದೆ.

ಸಮನ್ಸು ಬಂತು. ವಕೀಲರಿದ್ದರೆ ಸಾಕು, ತಾವು ಬರಬೇಕಿಲ್ಲ ಎಂದರೂ ದೊಡ್ಡತ್ತೆ ಕೇಳಲಿಲ್ಲ. ಸರ್ಕಾರದ ಕಾಗದದಲ್ಲಿ ಹಾಜರಾಗತಕ್ಕದ್ದು ಎಂದಿದೆಯಲ್ಲ. ಅಷ್ಟು ವರ್ಷ ಕೋರ್ಟಿಗೆ ಹೋಗುವವರನ್ನು ಬಾಗಿಲ ತನಕ ಕಳಿಸಿದವಳು ಮೊದಲ ಬಾರಿಗೆ ತಾನೇ ಆ ಕೆಂಪು ಕಟ್ಟಡದ ಮೆಟ್ಟಿಲು ಹತ್ತಿದಳು. ಹಾಲಿನ ಹಿಂದಿನ ಬೆಂಚಿನಲ್ಲಿ ಚಿಕ್ಕಮಾವನ ಮತ್ತು ನನ್ನ ನಡುವೆ ಕೂತಳು. ಕರಿಕೋಟುಗಳು, ಫ್ಯಾನುಗಳು, ತಮಿಳು-ಇಂಗ್ಲಿಷಿನ ಗದ್ದಲ. ಕೂಗುವವನು ಅವಳ ಹೆಸರನ್ನು ತಂದೆಯ ಹೆಸರಿನೊಡನೆ ಸೇರಿಸಿ ಎಳೆದು ಕೂಗಿದ. ತನ್ನನ್ನೇ ಕೂಗುತ್ತಿದ್ದಾರೆಂದು ಅವಳಿಗೆ ತಿಳಿಯಲಿಲ್ಲ. ಎರಡನೆಯ ಸಲ ಕೂಗಿದ. ಅವಳು ಗಾಬರಿಯಾಗಿ ಚಿಕ್ಕಮಾವನ ಮುಖ ನೋಡಿದಳು.

ಚಿಕ್ಕಮಾವ ಎದ್ದು ನಿಂತ. “ಇದ್ದಾರೆ, ಐಯಾ” ಎಂದ ತಮಿಳಿನಲ್ಲಿ.

ನ್ಯಾಯಾಧೀಶರು ಹೊಸಬರು. ಹಿಂದಿನವರಿಗೆ ವರ್ಗವಾಗಿತ್ತು. ಅವರು ಇವನನ್ನು ಅಡಿಯಿಂದ ಮುಡಿಯವರೆಗೆ ನೋಡಿ, “ನೀವು ಯಾರ ಕಡೆಯವರು?” ಎಂದು ಕೇಳಿದರು.

ಮುಂದಿನ ಸಾಲಿನಲ್ಲಿ ಅವನ ವಕೀಲರು, ವಾದಿ ಎನ್ನಲು ಬಾಯಿ ತೆರೆದರು. ಚಿಕ್ಕಮಾವ ಅವರ ಕಡೆ ನೋಡಲಿಲ್ಲ. ಬೆಂಚಿನ ಮೇಲೆ ಕೂತಿದ್ದ ಅತ್ತಿಗೆಯನ್ನು ತೋರಿಸಿದ.

“ಇವರ ಕಡೆ, ಐಯಾ” ಎಂದ.